ಬೆನ್ನ ಹಿಂದೆ ಕರೆದರೆ

ಇಪ್ಪತ್ತಾರು ವರ್ಷ ನಾನು ಮಂದಿಯ ಮುಖ ನೋಡಿ ಹೊಟ್ಟೆ ಹೊರೆದುಕೊಂಡೆ. ಪ್ಯಾರಿಸಿನಲ್ಲಿ ತಯಾರಾಗುವ ಸಿನಿಮಾಗಳಿಗೆ ಯಾವ ಪಾತ್ರಕ್ಕೆ ಯಾರು ಎಂದು ಹುಡುಕಿ ಕೊಡುವುದು ನನ್ನ ಕೆಲಸವಾಗಿತ್ತು. ನಿರ್ದೇಶಕ ಕಥೆ ಬರೆದುಕೊಂಡು ಬರುತ್ತಾನೆ, ನಾನು ಮನುಷ್ಯರನ್ನು ತಂದು ಅವನ ಮುಂದೆ ನಿಲ್ಲಿಸುತ್ತೇನೆ. ಕಾಸ್ಟಿಂಗ್ ಡೈರೆಕ್ಟರ್ ಅಂದರೆ ಇಷ್ಟೇ. ಬನಹಟ್ಟಿಯಲ್ಲಿದ್ದ ನನ್ನ ಅವ್ವನಿಗೆ ಇದನ್ನು ತಿಳಿಸಿ ಹೇಳಲು ಆಕೆ ಇರುವತನಕ ನನ್ನಿಂದ ಆಗಲಿಲ್ಲ. "ಮಂದಿ ಮಾರಿ ನೋಡೂದೂ ಒಂದ್ ನೌಕರಿ ಏನ? ಅದನ್ನ ನಾ ಕಟ್ಟಿ ಮ್ಯಾಲ ಕುಂತು ಪುಕ್ಕಟ ಮಾಡ್ತೀನಲ್ಲ" ಅನ್ನುತ್ತಿದ್ದಳು. ಖರೆ ಹೇಳಬೇಕೆಂದರೆ ಆಕೆ ನನಗಿಂತ ಚೆನ್ನಾಗಿ ಮಾಡುತ್ತಿದ್ದಳು.

ಈಗ ಆ ಕೆಲಸ ಬಿಟ್ಟಿದ್ದೇನೆ. ಬಿಡುವ ಮುಂಚಿನ ನಾಲ್ಕೈದು ವರ್ಷ ಒಂದು ಸಂಗತಿಯನ್ನು ಮುಚ್ಚಿಟ್ಟುಕೊಂಡು ದುಡಿದೆ. ನನಗೆ ಕಿವಿ ಕೇಳಿಸುತ್ತಿರಲಿಲ್ಲ. ಎಡಗಿವಿ ಮೊದಲು ಹೋಯಿತು, ಬಲಗಿವಿಯೂ ಅದರ ಬೆನ್ನಿಗೇ ಹೊರಟಿತು. ಅದನ್ನು ಮುಚ್ಚಿಡಲು ಹೋಗಿ ರಬಕವಿಯ ಒಬ್ಬ ಹೆಂಗಸಿಗೆ ನಾನು ಏನು ಮಾಡಿದೆ ಎಂಬುದನ್ನು ಬರೆಯಲು ಕೂತಿದ್ದೇನೆ. ಬರೆದು ಹಗುರಾಗುತ್ತೇನೆ ಎಂಬ ಭ್ರಮೆಯೇನೂ ಇಲ್ಲ.

ನಾನು ಹುಟ್ಟಿದ್ದು ನಾಲ್ಕು ಪವರ್‌ಲೂಮುಗಳಿದ್ದ ಮನೆಯಲ್ಲಿ. ಮುಂದೆ ಮಗ್ಗ, ಹಿಂದೆ ಒಲೆ, ನಡುವೆ ನಾವು. ಬೆಳಿಗ್ಗೆ ಮಗ್ಗ ಶುರುವಾದರೆ ಮತ್ತೆ ಕರೆಂಟು ಹೋದಾಗ ಮಾತ್ರ ಒಬ್ಬರ ಮಾತು ಒಬ್ಬರಿಗೆ ಕೇಳುತ್ತಿತ್ತು. ಹೀಗಾಗಿ ನಮ್ಮ ಓಣಿಗೆಲ್ಲ ಒಂದು ರೂಢಿ ಇತ್ತು. ಮಗ್ಗದ ಮುಂದೆ ಇರುವವರನ್ನು ಯಾರೂ ಬೆನ್ನ ಹಿಂದೆ ನಿಂತು ಕರೆಯುತ್ತಿರಲಿಲ್ಲ. ಕರೆದರೂ ಪ್ರಯೋಜನವಿಲ್ಲ. ಸುತ್ತು ಹಾಕಿ ಎದುರಿಗೆ ಹೋಗಬೇಕು, ಅವರ ಕಣ್ಣಿಗೆ ಬೀಳಬೇಕು, ಆಮೇಲೆ ಬಾಯಿ ಅಗಲಿಸಿ ಹೇಳಬೇಕು. ಸದ್ದು ಹೊರಡಿಸುವ ಅಗತ್ಯವೂ ಇಲ್ಲ. ಅವ್ವ ಒಲೆಯ ಹತ್ತಿರದಿಂದ ತುಟಿ ಅಲುಗಿಸಿದರೆ ಮಗ್ಗದ ಆಚೆಗಿದ್ದ ಅಪ್ಪನಿಗೆ ರೊಟ್ಟಿ ಆಯಿತೆಂದು ಗೊತ್ತಾಗುತ್ತಿತ್ತು. ಅವರಿಬ್ಬರೂ ಜಗಳವನ್ನೂ ಹಾಗೆಯೇ ಆಡುತ್ತಿದ್ದರು. ನಾನು ಮೂಲೆಯಲ್ಲಿ ರಾಟಿಯ ಮುಂದೆ ಕೂತು ಲಾಳಿಗೆ ಹಾಕುವ ನೂಲಿನ ಕಂಡಿಕೆ ಸುತ್ತುತ್ತಾ ಆ ಜಗಳದ ಒಂದು ಮಾತನ್ನೂ ಬಿಡದೆ ಓದಿಕೊಳ್ಳುತ್ತಿದ್ದೆ. ಯಾರು ಮನಸ್ಸಿನಿಂದ ಆಡುತ್ತಾರೆ, ಯಾರು ಬಾಯಿಮಾತಿಗೆ ಆಡುತ್ತಾರೆ ಎಂಬುದನ್ನು ನಾನು ಕಲಿತದ್ದು ಅಲ್ಲಿ.

ಜಮಖಂಡಿಯಲ್ಲಿ ಕಾಲೇಜು ಮುಗಿಸಿ ಧಾರವಾಡಕ್ಕೆ ಹೋದೆ. ಅಲ್ಲಿ ಹಟಕ್ಕೆ ಬಿದ್ದು ಫ್ರೆಂಚ್ ಕಲಿತೆ. ಯಾಕೆ ಕಲಿತೆ ಎಂದು ಈಗ ಕೇಳಿದರೆ ಉತ್ತರವಿಲ್ಲ, ನಮ್ಮ ಮನೆಯಲ್ಲಿ ಯಾರಿಗೂ ತಿಳಿಯದ ಒಂದು ಭಾಷೆ ನನಗೆ ಬೇಕಾಗಿತ್ತು ಅನ್ನಿಸುತ್ತದೆ. ಒಂದು ವರ್ಷ ಫ್ರಾನ್ಸಿನಿಂದ ನೇಕಾರರ ಮೇಲೆ ಸಾಕ್ಷ್ಯಚಿತ್ರ ಮಾಡುವವರು ನಮ್ಮೂರಿಗೆ ಬಂದರು. ಅವರಿಗೆ ದುಭಾಷಿ ಬೇಕಾಗಿತ್ತು, ನಾನು ಸಿಕ್ಕೆ. ಅವರ ಜೊತೆ ಬಂದಿದ್ದ ಐವತ್ತರ ಹೆಂಗಸೊಬ್ಬಳು ಯಾರನ್ನು ಮಾತಾಡಿಸಬೇಕು, ಯಾರನ್ನು ಬಿಡಬೇಕು ಎಂದು ಆರಿಸುತ್ತಿದ್ದಳು. ಒಂದು ದಿನ ಮಗ್ಗದ ಶೆಡ್ಡಿನಲ್ಲಿ ಆ ತುದಿಗೆ ಯಾರೋ ಯಜಮಾನ ಮಾತಾಡುತ್ತಿದ್ದ. ನಾನು ಈ ತುದಿಯಿಂದಲೇ, "ಆತ ಹೇಳುತ್ತಿರುವುದು ಸುಳ್ಳು" ಎಂದೆ. ಅವಳು ನನ್ನನ್ನು ಮೇಲಿನಿಂದ ಕೆಳಗಿನವರೆಗೆ ನೋಡಿದಳು. ಮೂರು ತಿಂಗಳ ಮಟ್ಟಿಗೆಂದು ನನ್ನನ್ನು ಪ್ಯಾರಿಸಿಗೆ ಕರೆಸಿಕೊಂಡಳು. ನಾನು ಅಲ್ಲೇ ಉಳಿದುಬಿಟ್ಟೆ. ಮನಸ್ಸಿನಲ್ಲಿ ಅವಳನ್ನು ನಾನು ಕೊನೆಯವರೆಗೂ ಅಕ್ಕೋರು ಎಂದೇ ಕರೆದೆ, ನಮ್ಮ ಸಾಲಿಯ ಟೀಚರಮ್ಮಂದಿರನ್ನು ಕರೆದ ಹಾಗೆ.

ಅಕ್ಕೋರು ನನಗೆ ಮೊದಲು ಕೊಟ್ಟ ಕೆಲಸ, ಪರೀಕ್ಷೆಗೆ ಬಂದ ನಟರ ಎದುರಿಗೆ ಕೂತು ಇನ್ನೊಂದು ಪಾತ್ರದ ಮಾತುಗಳನ್ನು ಓದುವುದು. ದಿನಕ್ಕೆ ಇಪ್ಪತ್ತು ಮಂದಿ ನನ್ನನ್ನು ಪ್ರೀತಿಸುತ್ತಿದ್ದರು, ಇಪ್ಪತ್ತು ಮಂದಿ ಬಿಟ್ಟು ಹೋಗುತ್ತಿದ್ದರು. ನನ್ನ ಉಚ್ಚಾರಣೆ ಕೇಳಿ ಕೆಲವರಿಗೆ ಅಳುವ ಜಾಗದಲ್ಲಿ ನಗು ಬರುತ್ತಿತ್ತು. ಆಮೇಲೆ ಬೀದಿಗೆ ಇಳಿಸಿದಳು. ನಟರಲ್ಲದ ಮನುಷ್ಯರನ್ನು ಬೀದಿಯಲ್ಲೇ ಹಿಡಿದು ತರುವುದಕ್ಕೆ ಅವರು ಇಟ್ಟ ಹೆಸರಿನ ಅರ್ಥ ಕಾಡು ಆಯ್ಕೆ ಎಂದು. ಬಟ್ಟೆ ಒಗೆಯುವ ಅಂಗಡಿ, ಬಸ್ಸಿನ ಡಿಪೋ, ಶಾಲೆ ಬಿಡುವ ಹೊತ್ತಿನ ಗೇಟು, ಎಲ್ಲಿ ಬೇಕಾದರಲ್ಲಿ ಗಂಟೆಗಟ್ಟಲೆ ನಿಂತು ಮುಖ ನೋಡಬೇಕು. ಒಬ್ಬ ಕಟುಕ ನನ್ನನ್ನು ಜೇಬುಗಳ್ಳಿ ಎಂದುಕೊಂಡು ಅಂಗಡಿಯಿಂದ ಇಳಿದು ಬಂದಿದ್ದ. ಕೊನೆಗೆ ಅವನೇ ಒಂದು ಸಿನಿಮಾದಲ್ಲಿ ತಂದೆಯ ಪಾತ್ರ ಮಾಡಿದ, ಬಲು ಸೊಗಸಾಗಿ ಮಾಡಿದ. ಅಕ್ಕೋರು ನಿವೃತ್ತಳಾದ ಮೇಲೆ ಪರದೆಯ ಮೇಲೆ ನನ್ನ ಹೆಸರು ಒಂಟಿಯಾಗಿ ಬರತೊಡಗಿತು. ನನಗೆ ಸೊಕ್ಕು ಬಂತು. ನನ್ನ ಕಣ್ಣು ತಪ್ಪುವುದಿಲ್ಲ ಎಂದು ಊಟದ ಮೇಜಿನಲ್ಲಿ ನಾನೇ ಹೇಳಿಕೊಂಡು ತಿರುಗಿದ್ದೇನೆ.

ಕಿವಿ ಯಾವಾಗ ಹೋಯಿತೋ ನನಗೇ ತಿಳಿಯಲಿಲ್ಲ. ತುಟಿ ಓದುವವಳಿಗೆ ಅದು ತಿಳಿಯುವುದು ತಡವಾಗಿ. ನನಗೆ ತಿಳಿದದ್ದು ಎಲ್ಲರೂ ಮಾಸ್ಕ್ ಹಾಕಿಕೊಂಡ ಕಾಲದಲ್ಲಿ. ಒಂದು ಮುಂಜಾನೆ ಆಫೀಸಿಗೆ ಹೋದೆ, ಆರು ಮಂದಿ ಕೂತಿದ್ದಾರೆ, ಆರು ಮಂದಿಯ ಕಣ್ಣೂ ನನ್ನ ಕಡೆ ಇವೆ, ಯಾರೋ ಏನೋ ಕೇಳಿದ್ದಾರೆ. ಯಾರು ಕೇಳಿದರು ಎಂಬುದೂ ನನಗೆ ಗೊತ್ತಾಗಲಿಲ್ಲ. ಹೊಟ್ಟೆ ಕೆಟ್ಟಿದೆ ಎಂದು ಸುಳ್ಳು ಹೇಳಿ ಶೌಚಾಲಯಕ್ಕೆ ಹೋಗಿ ಬಾಗಿಲು ಹಾಕಿಕೊಂಡು ಅತ್ತೆ. ಡಾಕ್ಟರು ಬಾಲ್ಯದಲ್ಲಿ ಗದ್ದಲದಲ್ಲಿ ಇದ್ದಿರಾ ಎಂದು ಬರೆದು ಕೇಳಿದರು. ನನಗೆ ನಗು ಬಂತು. ಕಿವಿಗೆ ಹಾಕುವ ಯಂತ್ರ ಕೊಟ್ಟರು, ಅದನ್ನು ಕಪಾಟಿನಲ್ಲಿ ಇಟ್ಟೆ. ನಟನ ಅರ್ಧ ಜೀವ ಅವನ ಧ್ವನಿಯಲ್ಲಿರುತ್ತದೆ. ಧ್ವನಿ ಕೇಳಿಸದವಳಿಗೆ ಯಾರು ನಟರನ್ನು ಆರಿಸುವ ಕೆಲಸ ಕೊಡುತ್ತಾರೆ?

ಕೊಡಲೂ ಇಲ್ಲ. ನಾನು ಏನೂ ಹೇಳದಿದ್ದರೂ ಕೆಲಸ ಕಡಿಮೆಯಾಗುತ್ತಾ ಬಂತು. ಸಭೆಗಳಲ್ಲಿ ನಾನು ಬೇರೆ ಪ್ರಶ್ನೆಗೆ ಬೇರೆ ಉತ್ತರ ಕೊಡುತ್ತಿದ್ದೆನೋ ಏನೋ. ಎರಡು ವರ್ಷ ಒಂದು ಸಿನಿಮಾನೂ ಇಲ್ಲ. ಹೊಸಬರು ನನ್ನನ್ನು ನೋಡಿ ಗೌರವದಿಂದ ನಗುತ್ತಿದ್ದರು, ಆ ಗೌರವ ಕಂಡರೆ ಮೈ ಉರಿಯುತ್ತಿತ್ತು. ಆಗ ಈ ನಿರ್ದೇಶಕ ಬಂದ. ಅವನ ಮೊದಲ ಸಿನಿಮಾಕ್ಕೆ ನಟರನ್ನು ಆರಿಸಿದವಳು ನಾನು, ಅದನ್ನು ಅವನು ಮರೆತಿರಲಿಲ್ಲ. ಅವನ ಹೊಸ ಕಥೆ ನೇಕಾರರ ಊರಿನದು. ಮನೆಯಲ್ಲಿ ಜಗಳ ಮಾಡಿಕೊಂಡು ಫ್ರಾನ್ಸಿಗೆ ಹೋದ ಮಗಳು ಹನ್ನೆರಡು ವರ್ಷದ ಮೇಲೆ ಬಂದು ಹೊಸ್ತಿಲಲ್ಲಿ ನಿಲ್ಲುತ್ತಾಳೆ. ತಾಯಿ ಬಾಗಿಲಿಗೆ ಬೆನ್ನು ಹಾಕಿ ರಾಟಿಯ ಮುಂದೆ ಕೂತಿದ್ದಾಳೆ. ಮಗಳು "ಅವ್ವಾ" ಎಂದು ಕರೆಯುತ್ತಾಳೆ. ತಾಯಿ ತಿರುಗಿ ನೋಡುವುದಿಲ್ಲ, ಕೈ ಮಾತ್ರ ನಿಲ್ಲುತ್ತದೆ.

"ಆ ಕೈ ನಿಲ್ಲುವುದೇ ನನ್ನ ಸಿನಿಮಾ. ನಿಮ್ಮೂರಿನಲ್ಲಿ ಆ ತಾಯಿ ಇದ್ದಾಳೆ, ಅವಳನ್ನು ಹುಡುಕಿಕೊಡಿ" ಎಂದ ನಿರ್ದೇಶಕ. ಹುಡುಕಿ ಕೊಟ್ಟರೆ ನಾನು ಇನ್ನೂ ಈ ಕೆಲಸಕ್ಕೆ ಬರುತ್ತೇನೆಂದು ಎಲ್ಲರಿಗೂ ತಿಳಿಯುತ್ತದೆ. ಕೊಡದಿದ್ದರೆ ಮುಗಿಯಿತು. ಇದು ನನಗೂ ಗೊತ್ತಿತ್ತು, ಅವನಿಗೂ ಗೊತ್ತಿತ್ತು.

ಊರ ಕಡೆಗೆ ಬಂದು ಹದಿನೆಂಟು ದಿನ ಸುತ್ತಿದೆ. ಮಹಾಲಿಂಗಪುರದ ಬಸ್‌ಸ್ಟ್ಯಾಂಡಿನಲ್ಲಿ ಬೆಳಗಿನಿಂದ ಸಂಜೆಯವರೆಗೆ ಕೂತು ಬಸ್ಸಿಳಿಯುವ ಒಬ್ಬೊಬ್ಬ ಮುದುಕಿಯ ಮುಖವನ್ನೂ ನೋಡಿದೆ. ಮುಧೋಳದಲ್ಲಿ ಒಂದು ಮನೆಯವರು ನನ್ನನ್ನು ಒಳಗೆ ಕರೆದು ಚಹಾ ಕೊಟ್ಟು, "ವರದ ಕಡಿಯವರೇನ್ರಿ ನೀವು?" ಎಂದು ಕೇಳಿದರು. ಕನ್ಯೆ ನೋಡಲು ಬಂದಿಲ್ಲ, ಮುದುಕಿ ನೋಡಲು ಬಂದಿದ್ದೇನೆ ಎಂದಾಗ ಅವರ ಮುಖ ನೋಡಬೇಕಿತ್ತು. ತುಬಚಿಯಲ್ಲಿ ನನ್ನನ್ನು ಕಾಲುವೆ ಆಫೀಸಿನವಳು ಎಂದು ತಿಳಿದು ನೀರು ಯಾವಾಗ ಬಿಡುತ್ತೀರಿ ಎಂದು ತಗಾದೆ ತೆಗೆದರು. ಬೀಳಗಿಯಲ್ಲಿ ಕುರಿಗಾರರ ಮನೆಯ ಅಜ್ಜಿಯೊಬ್ಬಳ ಮುಖ ನನ್ನನ್ನು ನಿಲ್ಲಿಸಿತು. ಆದರೆ ಆಕೆಗೆ ಒಂದು ಕಡೆ ಹತ್ತು ನಿಮಿಷ ಕೂತು ಅಭ್ಯಾಸವೇ ಇಲ್ಲ, ನಾನು ಕ್ಯಾಮೆರಾ ಸರಿಮಾಡುವಷ್ಟರಲ್ಲಿ ಎದ್ದು ಹೊರಟಿರುತ್ತಿದ್ದಳು. ಜಮಖಂಡಿಯಲ್ಲಿ ಹಿಂದೆ ಬಯಲಾಟದಲ್ಲಿ ರಾಣಿ ಪಾತ್ರ ಮಾಡುತ್ತಿದ್ದ ಒಬ್ಬಳು ಸಿಕ್ಕಳು. ಒಳ್ಳೆಯ ಕಲಾವಿದೆ. ಆದರೆ ಕೈ ನಿಲ್ಲಿಸು ಎಂದರೆ ಎದೆಯ ಮೇಲೆ ಇಟ್ಟುಕೊಂಡು ನಿಲ್ಲಿಸುತ್ತಿದ್ದಳು. ಬೇರೆ ಗತಿ ಇಲ್ಲದಿದ್ದರೆ ಇವಳು ಎಂದು ಹೆಸರು ಬರೆದುಕೊಂಡೆ. ಲಾಡ್ಜಿಗೆ ಬಂದು ಮಂಚದ ಮೇಲೆ ಬಿದ್ದರೆ ಎದೆ ಡವಡವ ಅನ್ನುತ್ತಿತ್ತು. ಅದೊಂದು ಮಾತ್ರ ಚೆನ್ನಾಗಿ ಕೇಳುತ್ತಿತ್ತು.

ಹತ್ತೊಂಬತ್ತನೆಯ ದಿನ ರಬಕವಿಯ ಒಂದು ಶೆಡ್ಡಿನಲ್ಲಿ ಅಕ್ಕ ಸಿಕ್ಕಳು. ನನಗಿಂತ ಹತ್ತು ಹನ್ನೆರಡು ವರ್ಷ ದೊಡ್ಡವಳು, ಅದಕ್ಕೇ ಅಕ್ಕ. ಗಂಡ ತೀರಿಹೋಗಿ ಬಹಳ ವರ್ಷವಾಗಿತ್ತು. ಮಗ, ಸೊಸೆ ಮಗ್ಗ ನಡೆಸುತ್ತಿದ್ದರು, ಈಕೆ ಮೂಲೆಯಲ್ಲಿ ಕಂಡಿಕೆ ಸುತ್ತುತ್ತಿದ್ದಳು. ನಾನು ಓಣಿಯ ರೂಢಿಯಂತೆ ಸುತ್ತು ಹಾಕಿ ಎದುರಿಗೆ ಹೋಗಿ ಕೂತೆ. ಆಕೆ ತಲೆ ಎತ್ತಿದಳು. ಆ ಮುಖ ಹೇಗಿತ್ತೆಂದು ಬರೆಯಲು ಹೋದರೆ ಕೆಡುತ್ತದೆ. ಮನಸ್ಸಿನಲ್ಲಿ ಬಂದದ್ದೆಲ್ಲ ಅಲ್ಲಿ ಬರುತ್ತಿತ್ತು, ಒಂದನ್ನೂ ಆಕೆ ತಡೆಯುತ್ತಿರಲಿಲ್ಲ. ಇಪ್ಪತ್ತಾರು ವರ್ಷದಲ್ಲಿ ಅಂಥ ಮುಖ ನಾಲ್ಕೋ ಐದೋ ನೋಡಿದ್ದೆ.

ಮಗ ಒಪ್ಪಿದ. ಸೊಸೆ, "ಕರ್ಕೊಂಡ್ ಹೋಗ್ರಿ. ಆದ್ರ ನಮ್ಮತ್ತಿ ಕರದ್ರ ಓ ಅನ್ನಂಗಿಲ್ಲ, ಬಾಳ ಸೊಕ್ಕ" ಎಂದಳು. ನಾನು ನಕ್ಕೆ. ಅತ್ತೆ ಸೊಸೆಯರ ಮಾತು ಎಂದುಕೊಂಡೆ. ಇವತ್ತು ಆ ಮಾತು ನೆನೆಸಿಕೊಂಡರೆ ನನ್ನ ಕೆನ್ನೆಗೆ ನಾನೇ ಹೊಡೆದುಕೊಳ್ಳಬೇಕು ಅನ್ನಿಸುತ್ತದೆ.

ಪರೀಕ್ಷೆ ಮಾಡಿದ್ದು ಅದೇ ಮೂಲೆಯಲ್ಲಿ. ಕ್ಯಾಮೆರಾವನ್ನು ನನ್ನ ಭುಜದ ಹಿಂದೆ ಇಟ್ಟು ಅಕ್ಕನ ಮುಂದೆ ಕೂತು ಕಥೆ ಹೇಳಿದೆ. ಮಗಳು ಬಂದು ಬಾಗಿಲಲ್ಲಿ ನಿಂತಿದ್ದಾಳೆ, ನಿನಗೆ ಕಾಣುವುದಿಲ್ಲ, ಈಗ ಕರೆಯುತ್ತಾಳೆ ನೋಡು ಎಂದೆ. ಎಂದು, ಆಕೆಯ ಮುಖಕ್ಕೆ ಮುಖ ಕೊಟ್ಟು ನಾನೇ "ಅವ್ವಾ" ಎಂದು ಕರೆದೆ. ಎದ್ದು ಬಾಗಿಲಿಗೆ ಹೋಗಿ ಬೆನ್ನ ಹಿಂದಿನಿಂದ ಕರೆಯಬೇಕೆಂದು ನನಗೆ ಹೊಳೆಯಲೇ ಇಲ್ಲ. ನಮ್ಮ ಓಣಿಯಲ್ಲಿ ಬೆಳೆದ ಯಾರಿಗೂ ಹೊಳೆಯುತ್ತಿರಲಿಲ್ಲ. ಪ್ಯಾರಿಸಿನ ಯಾವ ಹೊಸಬ ಹುಡುಗನಾದರೂ ಮೊದಲು ಅದನ್ನೇ ಮಾಡುತ್ತಿದ್ದ.

ಅಕ್ಕನ ಕೈ ನಿಂತಿತು. ರಾಟಿ ತನ್ನಷ್ಟಕ್ಕೆ ತಾನೇ ಇನ್ನು ಅರ್ಧ ಸುತ್ತು ತಿರುಗಿ ನಿಂತಿತು. ಬೆರಳುಗಳ ನಡುವೆ ನೂಲು ಹಾಗೆಯೇ ಇತ್ತು.

"ನಿನ್ನ ಬಾಯಿ ನೋಡಿದ ಕೂಡಲೇ ಎದಿ ಝಲ್ಲಂತು ನೋಡ್, ತಂಗಿ" ಎಂದಳು ಅಕ್ಕ. ಬಾಯಿ ನೋಡಿದ ಕೂಡಲೇ ಎಂದಳು. ನಾವು ಮಗ್ಗದವರು ಹಾಗೆಯೇ ಮಾತಾಡುವುದು, ನಾನು ಕಿವಿಗೆ ಹಾಕಿಕೊಳ್ಳಲಿಲ್ಲ. ಆ ಸಂಜೆ ಪ್ಯಾರಿಸಿನಿಂದ ಬಂದಿಳಿದ ನಿರ್ದೇಶಕ ಅದನ್ನು ನನ್ನ ಫೋನಿನಲ್ಲಿ ನೋಡಿ ನನ್ನನ್ನು ತಬ್ಬಿಕೊಂಡ. ಎರಡು ವರ್ಷದ ಮೇಲೆ ನನಗೆ ಹಸಿವಾಯಿತು.

ಚಿತ್ರೀಕರಣಕ್ಕೆಂದು ಅದೇ ಓಣಿಯಲ್ಲಿ ಹಿಡಿದಿದ್ದ ಮನೆಗೆ ಮುಂದಿನ ಎರಡು ವಾರ ಅಕ್ಕ ದಿನಾಲೂ ಬರುತ್ತಿದ್ದಳು. ಸೀರೆಯ ಅಳತೆ, ಕೂದಲ ಬಣ್ಣ, ಕೂರುವ ಜಾಗ, ಬೆಳಕು. ಅವಳಿಗೆ ಏನು ಹೇಳಬೇಕಾದರೂ ನನ್ನ ಮೂಲಕವೇ ಹೇಳಬೇಕಾಗಿತ್ತು, ನಾನು ಎದುರಿಗೆ ನಿಂತೇ ಹೇಳುತ್ತಿದ್ದೆ. ಕಟ್ಟೆಯ ಮೇಲೆ ಕೂತು ಶೇಂಗಾ ತಿನ್ನುತ್ತಾ ಒಂದು ದಿನ ಆಕೆ ಹೇಳಿದಳು: "ಮನ್ಯಾಗ ನನ್ನ ಜೋಡಿ ಯಾರೂ ಮಾತಾಡಂಗಿಲ್ಲ. ಎಲ್ಲಾರಿಗೂ ಗಡಿಬಿಡಿ. ಹೋಗ್ತಾ ಹೋಗ್ತಾ ಏನರ ಅಂದು ಹೋಗಿಬಿಡ್ತಾರ. ಇಲ್ಲಿ ನೋಡ್, ಆ ಫಾರಿನ್ ಸಾಹೇಬ ಸೈತ ಮುಂದ ಬಂದು ನಿಂತು, ಮಾರಿ ನೋಡಿ ಮಾತಾಡ್ತಾನ. ಅವನ ಮಾತ ನನಗ ತಿಳಿಯಂಗಿಲ್ಲ, ಆದ್ರೂ ಛಲೋ ಅನ್ನಸ್ತೈತಿ."

ಇನ್ನೊಂದು ದಿನ ಕೇಳಿದಳು, "ಸಿನಿಮಾ ಮುಗದ ಮ್ಯಾಲ ನೀ ಹೋಗಿಬಿಡ್ತಿ ಹೌದಲ್ಲ?"

ಹೌದು ಎಂದೆ.

"ಶೂಟಿಂಗ್ ಇನ್ನೂ ಮೂವತ್ ದಿನಾ ಐತಿ ಬಿಡು" ಎಂದು ತನಗೆ ತಾನೇ ಹೇಳಿಕೊಂಡು ಶೇಂಗಾದ ಸಿಪ್ಪೆ ಉಡಿಯಿಂದ ಝಾಡಿಸಿದಳು. ಆಕೆ ದಿನ ಎಣಿಸುತ್ತಿದ್ದಳು. ನನಗಾಗ ಅದು ತಮಾಷೆಯಾಗಿ ಕಂಡಿತು.

ಬಾಗಿಲಿನ ದೃಶ್ಯವನ್ನು ನಿರ್ದೇಶಕ ಒಮ್ಮೆಯೂ ಅಭ್ಯಾಸ ಮಾಡಿಸಲಿಲ್ಲ. ಮೊದಲ ಕರೆ ಕ್ಯಾಮೆರಾಕ್ಕೇ ಸಿಗಬೇಕು ಎಂಬುದು ಅವನ ಹಟ. ಮಗಳ ಪಾತ್ರದವಳು ಧಾರವಾಡದ ನಟಿ, ಅವಳನ್ನು ಅಕ್ಕನ ಕಣ್ಣಿಗೆ ಬೀಳದ ಹಾಗೆ ಬೇರೆ ಕಡೆ ಇಟ್ಟಿದ್ದರು. ಚಿತ್ರೀಕರಣದ ಮೊದಲ ದಿನ ಓಣಿಯ ಮಂದಿಗೆಲ್ಲ ಕೈ ಮುಗಿದು ಮಗ್ಗ ನಿಲ್ಲಿಸಿದರು. ರಬಕವಿಯ ಆ ಓಣಿ ಹಗಲು ಹೊತ್ತಿನಲ್ಲಿ ಹಾಗೆ ಸುಮ್ಮನಾದದ್ದನ್ನು ನಾನು ಕಂಡಿರಲಿಲ್ಲ. ಮಗ್ಗದ ಗದ್ದಲದಲ್ಲಿ ಎಲ್ಲರೂ ಒಂದೇ, ಯಾರಿಗೆ ಕೇಳುತ್ತದೆ ಯಾರಿಗೆ ಇಲ್ಲ ಎಂದು ಗೊತ್ತಾಗುವುದಿಲ್ಲ. ಆ ಮೌನದಲ್ಲಿ ಎಲ್ಲ ಗೊತ್ತಾಗಿಹೋಗುತ್ತದೆ. ನನಗೆ ಸುಮ್ಮಸುಮ್ಮನೆ ಹೆದರಿಕೆಯಾಯಿತು.

ಅಕ್ಕ ರಾಟಿ ತಿರುಗಿಸತೊಡಗಿದಳು. ನಟಿ ಹೊಸ್ತಿಲಿಗೆ ಬಂದು ನಿಂತಳು. ನಾನು ಮಾನಿಟರಿನ ಪಕ್ಕದಲ್ಲಿ ನಿಂತು ಅವಳ ತುಟಿ ನೋಡುತ್ತಿದ್ದೆ. ತುಟಿ ಅಲುಗಿತು, ಅವ್ವಾ ಎಂದಿತು. ಅಕ್ಕನ ಕೈ ನಿಲ್ಲಲಿಲ್ಲ.

ಎರಡನೆಯ ಸಲವೂ ನಿಲ್ಲಲಿಲ್ಲ. ಮೂರನೆಯ ಸಲ ನಟಿ ಜೋರಾಗಿ ಕರೆದಳು, ಅವಳ ಕುತ್ತಿಗೆಯ ನರ ಉಬ್ಬಿದ್ದು ನನಗೆ ಕಾಣಿಸಿತು. ರಾಟಿ ತಿರುಗುತ್ತಲೇ ಇತ್ತು. ನಿರ್ದೇಶಕ ನನ್ನ ಕಡೆ ತಿರುಗಿ, ಅವಳಿಗೆ ತಿಳಿದಿಲ್ಲ, ಇನ್ನೊಮ್ಮೆ ಹೇಳಿ ಎಂದ. ನಾನು ಸುತ್ತು ಹಾಕಿ ಅಕ್ಕನ ಎದುರಿಗೆ ಹೋಗಿ ಕುಕ್ಕರಗಾಲಲ್ಲಿ ಕೂತೆ.

"ಅಕ್ಕಾ, ಕರದ ಕೂಡ್ಲೆ ಕೈ ನಿಂದರಸಬೇಕು."

"ನಿಂದರಸ್ತೀನಲ್ಲ. ಆಗಿಂದ ದಾರಿ ನೋಡಾಕತ್ತೀನಿ" ಎಂದಳು ಅಕ್ಕ. ಆಮೇಲೆ ಸಣ್ಣ ಮುಖ ಮಾಡಿ ಕೇಳಿದಳು, "ಆಕಿ ಯಾವಾಗ ಕರೀತಾಳ?"

ಅಲ್ಲೇ ಕೂತು ಒಂದು ಗಳಿಗೆ ಆಕೆಯನ್ನು ನೋಡಿದೆ. ಆಕೆಯೂ ನನ್ನ ಬಾಯಿಯನ್ನೇ ನೋಡುತ್ತಿದ್ದಳು, ಉತ್ತರ ಅಲ್ಲಿ ಬರುತ್ತದೆ ಎಂದು. ಮೊದಲ ದಿನದಿಂದ ಆಕೆ ಹಾಗೆಯೇ ನೋಡಿದ್ದಳು. ನಾನು ಅದನ್ನು ಗಮನಿಸಿರಲಿಲ್ಲ, ಯಾಕೆಂದರೆ ಎದುರಿಗಿದ್ದವರ ಬಾಯಿಯನ್ನು ನಾನೂ ಹಾಗೆಯೇ ನೋಡುತ್ತಿದ್ದೆ. ಧ್ವನಿ ಕೇಳುವವರಾಗಿದ್ದರೆ ಆಕೆಯ ಮಾತಿನ ಏರಿಳಿತದಲ್ಲೇ ಗುರುತು ಹಿಡಿಯುತ್ತಿದ್ದರು. ನಾನು ಏನು ಹಿಡಿಯಲಿ?

ಎದ್ದು ಮಾನಿಟರಿನ ಹತ್ತಿರ ಬಂದು ನಿಂತೆ. ಎಲ್ಲರೂ ನನ್ನನ್ನೇ ನೋಡುತ್ತಿದ್ದರು. ನಿರ್ದೇಶಕ ನನ್ನ ಹಿಂದೆ ಕೈ ತೋರಿಸಿದಾಗ ತಿರುಗಿದೆ. ಹೆಡ್‌ಫೋನ್ ಹಾಕಿಕೊಂಡಿದ್ದ ಸೌಂಡ್ ರೆಕಾರ್ಡಿಸ್ಟ್ ನನ್ನ ಹೆಗಲ ಹತ್ತಿರವೇ ನಿಂತಿದ್ದ. ಬಹಳ ಹೊತ್ತಿನಿಂದ ಹೇಳುತ್ತಿದ್ದನೆಂದು ಅವನ ಮುಖ ನೋಡಿದರೇ ಗೊತ್ತಾಗುತ್ತಿತ್ತು.

"ಆಕೆಗೆ ಕಿವಿ ಕೇಳುವುದಿಲ್ಲ" ಎಂದು ಮತ್ತೊಮ್ಮೆ ಹೇಳಿದ.

ನಿರ್ದೇಶಕ ಸಿಟ್ಟಾಗಲಿಲ್ಲ. ಸಿಟ್ಟಾಗಿದ್ದರೆ ಒಳ್ಳೆಯದಿತ್ತು. ರೆಕಾರ್ಡಿಸ್ಟೇ ಒಂದು ಉಪಾಯ ಹೇಳಿದ. ಆಕೆಯ ಕಾಲ ಹೆಬ್ಬೆರಳಿಗೆ ಒಂದು ಎಳೆ ನೂಲು ಕಟ್ಟೋಣ, ನಟಿ ಕರೆದಾಗ ಆ ಕಡೆಯಿಂದ ಎಳೆಯೋಣ, ಕೈ ನಿಲ್ಲುತ್ತದೆ ಎಂದ. ನಿರ್ದೇಶಕ ಯೋಚಿಸಿದ. ಆಮೇಲೆ ನನ್ನನ್ನು ಕೇಳಿದ, "ನಿಮಗೇನನ್ನಿಸುತ್ತದೆ? ನಿಮಗೆ ಮೊದಲೇ ಗೊತ್ತಿತ್ತೇ?"

ಆ ಪ್ರಶ್ನೆಗೆ ಎರಡು ಉತ್ತರಗಳಿದ್ದವು. ಗೊತ್ತಿರಲಿಲ್ಲ, ಯಾಕೆಂದರೆ ನನಗೂ ಕೇಳುವುದಿಲ್ಲ, ನೂಲು ಕಟ್ಟಿ ನೋಡೋಣ ಎನ್ನುವುದು ಒಂದು. ಅಕ್ಕ ಉಳಿದರೆ ಇನ್ನು ಮೂವತ್ತು ದಿನವೂ ಸೆಟ್ಟಿನ ಮೇಲೆ ಕಿವಿಯದೇ ಮಾತು, ಯಾರಿಗೆ ಎಷ್ಟು ಕೇಳುತ್ತದೆ ಎಂಬುದೇ ಮಾತು, ನನ್ನ ಬೆನ್ನ ಹಿಂದೆ ಚಪ್ಪಾಳೆ ತಟ್ಟಿ ನೋಡಲು ಯಾರಿಗೂ ಹೆಚ್ಚು ಹೊತ್ತು ಬೇಕಾಗುವುದಿಲ್ಲ. ಇದೆಲ್ಲ ನನ್ನ ತಲೆಯಲ್ಲಿ ಒಂದು ಉಸಿರಿನಷ್ಟು ಹೊತ್ತಿನಲ್ಲಿ ಹಾದುಹೋಯಿತು.

"ಆಕೆ ನನ್ನಿಂದ ಮುಚ್ಚಿಟ್ಟಳು" ಎಂದೆ. "ಬೇಕೆಂದೇ ಮೋಸ ಮಾಡಿದ್ದಾಳೆ. ಇಂಥವರನ್ನು ನಂಬಿ ಮೂವತ್ತು ದಿನ ಕೆಲಸ ಮಾಡಲು ಆಗುವುದಿಲ್ಲ. ಜಮಖಂಡಿಯಲ್ಲಿ ಇನ್ನೊಬ್ಬಳು ಇದ್ದಾಳೆ, ನಾಳೆ ಬೆಳಿಗ್ಗೆ ಕರೆಸುತ್ತೇನೆ."

ಇಷ್ಟು ಸ್ಪಷ್ಟವಾಗಿ, ಇಷ್ಟು ತಪ್ಪಿಲ್ಲದೆ ನಾನು ಫ್ರೆಂಚ್ ಮಾತಾಡಿದ್ದು ಅಪರೂಪ. ನಿರ್ದೇಶಕ ಕಣ್ಣು ಮುಚ್ಚಿ ತೆಗೆದು, ಸರಿ, ನಿಮ್ಮ ಮಾತನ್ನು ನಾನು ಯಾವತ್ತೂ ಮೀರಿಲ್ಲ ಎಂದ. ಅಕ್ಕ ರಾಟಿಯ ಮುಂದೆಯೇ ಕೂತಿದ್ದಳು. ಈಗ ನಮ್ಮ ಕಡೆ ತಿರುಗಿ ನೋಡುತ್ತಿದ್ದಳು.

ಹೇಳುವ ಕೆಲಸ ನನ್ನದೇ. ನೂರಾರು ಮಂದಿಗೆ ನಿಮ್ಮನ್ನು ಆರಿಸಿಲ್ಲ ಎಂದು ಹೇಳಿದ ಬಾಯಿ ಇದು, ಅದಕ್ಕೆ ಬೇಕಾದ ಮಾತುಗಳೆಲ್ಲ ನನ್ನ ಬಳಿ ತಯಾರಿದ್ದವು. ಅಕ್ಕನನ್ನು ಹಿತ್ತಲಿಗೆ ಕರೆದುಕೊಂಡು ಹೋದೆ. ಸಿನಿಮಾದ ಸೀರೆಯನ್ನು ಬಿಚ್ಚಿಕೊಟ್ಟು ತನ್ನ ಸೀರೆ ಉಟ್ಟುಕೊಂಡು ಬಂದು ನನ್ನ ಮುಂದೆ ನಿಂತಳು.

"ಅಕ್ಕಾ, ನಿಂದೇನೂ ತಪ್ಪಿಲ್ಲ. ಸಾಹೇಬರಿಗೆ ಇನ್ನೂ ವಯಸ್ಸಾದ ಮಾರಿ ಬೇಕಂತ. ಕಥಿ ಬದಲ ಮಾಡ್ಯಾರ" ಎಂದೆ.

ಅಕ್ಕ ನನ್ನ ಬಾಯಿಯನ್ನು ಕೊನೆಯ ಮಾತಿನ ತನಕ ನೋಡಿದಳು. ಆಮೇಲೆ ಕಣ್ಣು ಮೇಲೆತ್ತಿದಳು.

"ಸುಳ್ಳ ಹೇಳಬ್ಯಾಡ, ತಂಗಿ. ನಿನ್ನ ಬಾಯಿ ಒಂದ ಹೇಳತೈತಿ, ಮಾರಿ ಒಂದ ಹೇಳತೈತಿ. ನನಗ ಕೇಳಂಗಿಲ್ಲ ಅಂತ ಗೊತ್ತಾತು, ತಗದ್ರು. ಆತು ಬಿಡು."

ಸಿನಿಮಾದ ಸೀರೆಯನ್ನು ನಾನು ಕೈಯಲ್ಲೇ ಮಡಚಿದೆ.

"ನಾ ಮುಚ್ಚಿಟ್ಟಿದ್ದು ಖರೆ" ಎಂದಳು ಅಕ್ಕ. "ಹೇಳಿದ್ರ ಮೊದಲ ದಿನಾನ ನೀ ಎದ್ದು ಹೋಗತಿದ್ದಿ. ಆದ್ರ ನಿನಗೂ ಕೇಳಂಗಿಲ್ಲಲ್ಲ?"

ಹಿತ್ತಲಲ್ಲಿ ನಾವಿಬ್ಬರೇ ಇದ್ದೆವು. ಆದರೂ ನಾನು ಸುತ್ತ ನೋಡಿದೆ. ಆಕೆಗೆ ಅದನ್ನು ನೋಡಿ ಕನಿಕರ ಬಂತೆಂದು ಕಾಣುತ್ತದೆ, ಗಂಟಲು ಅಲುಗಿಸದೆ ಬರೀ ತುಟಿಯಲ್ಲಿ ಮಾತಾಡತೊಡಗಿದಳು.

"ಆ ಕಿವಿಗೆ ಡಬ್ಬಿ ಹಾಕ್ಕೊಂಡಾಂವ ಹಿಂದಿಂದ ನಿನ್ನ ಮೂರ್ ಸಲ ಕರದ. ನೀ ಹೊಳ್ಳಿ ನೋಡಲಿಲ್ಲ. ಈಗಷ್ಟ ಅಲ್ಲ, ನಮ್ಮ ಮನಿಗೆ ಬಂದ ದಿನಾನ ನನಗ ಗೊತ್ತಾತು. ನನ್ನ ಸೊಸಿ ಹಿಂದಿಂದ ಚಾ ತಗೋರಿ ಅಂದ್ಲು, ನೀ ನನ್ನ ಬಾಯಿನ ನೋಡ್ಕೊಂತ ಕುಂತಿದ್ದಿ. ನಮ್ಮಾಕಿನ ಈಕಿ ಅನಿಸಿತು. ಅದಕ್ಕ ಹ್ಞೂಂ ಅಂದೆ."

"ಮತ್ತ ಯಾಕ ಹೇಳಲಿಲ್ಲ ಅವ್ರಿಗೆ? ಈಗರ ಹೇಳಬೇಕಿತ್ತಲ್ಲ" ಎಂದೆ. ನನಗೆ ಧ್ವನಿ ಹೊರಟಿತೋ ಇಲ್ಲವೋ ಗೊತ್ತಿಲ್ಲ.

ಅಕ್ಕ ಸೆರಗು ಹೊದ್ದುಕೊಂಡಳು.

"ಹೇಳಿದ್ರ ನಿನ್ನೂ ತಗದ ಹಾಕತಿದ್ರು. ನನಗರ ಮನ್ಯಾಗ ರಾಟಿ ಐತಿ, ನಾಳಿಂದ ಮತ್ತ ಕುಂದರ್ತೀನಿ. ರಾಟಿಗೆ ಕಿವಿ ಬೇಕಾಗಿಲ್ಲ. ನಿನಗೇನೈತಿ?"

ನನ್ನ ಕೆನ್ನೆಯನ್ನು ಒಮ್ಮೆ ಸವರಿ ಹಿತ್ತಲ ಬಾಗಿಲಿನಿಂದ ಓಣಿಗೆ ಇಳಿದಳು. ಮನೆ ಅಲ್ಲೇ ನಾಲ್ಕು ಮನೆಯಾಚೆ. ಒಂದು ಸಲ ಹಿಂದಿನಿಂದ ಅಕ್ಕಾ ಎಂದು ಕರೆದೆ. ಆಕೆ ನಡೆಯುತ್ತಲೇ ಹೋದಳು.

ಒಳಗೆ ಬಂದೆ. ನಿರ್ದೇಶಕ ಅಕ್ಕ ಕೂತಿದ್ದ ಮಣೆಯ ಹತ್ತಿರ ನಿಂತಿದ್ದ, ನನ್ನಿಂದ ಹದಿನೈದು ಹೆಜ್ಜೆ ದೂರದಲ್ಲಿ. ಹೋಗಿ ಹೇಳಬಹುದಿತ್ತು. ಆಕೆ ಇನ್ನೂ ಮನೆ ಮುಟ್ಟಿರಲಿಲ್ಲ. ಅವನು ತಲೆ ಎತ್ತಿ, ಆಕೆ ಏನೆಂದಳು ಎಂದು ಕೇಳಿದ.

"ಒಪ್ಪಿಕೊಂಡಳು, ಮೋಸ ಮಾಡಿದ್ದು ತಪ್ಪಾಯಿತು ಅಂದಳು" ಎಂದೆ. ಎಂದು, ಜಮಖಂಡಿಯವಳಿಗೆ ನಾಳೆ ಬೆಳಿಗ್ಗೆ ಏಳು ಗಂಟೆಗೆ ಬರಬೇಕೆಂದು ಸುದ್ದಿ ಕಳಿಸಿದೆ.